ಟೆಕ್ಸಾಸ್‌ನವಳಾಗಿದ್ದ ಎರಡು ವರ್ಷ

ದುಬೈಯ ಅಲ್ ಬರ್ಷಾದ ಒಂದು ಹೋಟೆಲಿನಲ್ಲಿ ಎರಡು ವರ್ಷ, ಪ್ರತಿ ಶನಿವಾರ ಮಧ್ಯಾಹ್ನ ನಾನು ಅಮೆರಿಕದವಳಾಗಿದ್ದೆ. ವಾರದ ಉಳಿದ ದಿನ ಹಲ್ಲಿನ ಡಾಕ್ಟರೊಬ್ಬರ ಕ್ಲಿನಿಕ್ಕಿನಲ್ಲಿ ರಿಸೆಪ್ಷನಿಸ್ಟ್. ಶನಿವಾರ ಮಾತ್ರ ಅಗಲ ಅಂಚಿನ ಟೊಪ್ಪಿ, ಉದ್ದ ಬೂಟು, ಹೆಗಲಿಗೆ ಗಿಟಾರು. ಹಾಡುತ್ತಿದ್ದದ್ದು ಕಂಟ್ರಿ ಹಾಡು, ಅಂದರೆ ಅಮೆರಿಕದ ಹಳ್ಳಿಗಾಡಿನ ಲಾರಿ, ಕುದುರೆ, ಕೈಕೊಟ್ಟ ಪ್ರೇಮಿಗಳ ಹಾಡು.

ಸುಳ್ಳು ಶುರುಮಾಡಿದ್ದು ಮ್ಯಾನೇಜರು. "ಮಂಗಳೂರಿನವಳು ಈ ಹಾಡು ಹಾಡ್ತಾಳೆ ಅಂದ್ರೆ ಯಾರು ಬರ್ತಾರೆ? ಟೆಕ್ಸಾಸ್‌ನಲ್ಲಿ ಹುಟ್ಟಿದವಳು ಅಂತ ಹಾಕೋಣ" ಎಂದು ಪೋಸ್ಟರ್ ಬರೆಸಿ, ಒಂದು ಇಂಗ್ಲಿಷ್ ಹೆಸರನ್ನೂ ಕೊಟ್ಟರು. ನಾನು ಬೇಡವೆನ್ನಲಿಲ್ಲ. ಫೋನಿನಲ್ಲಿ ಕೇಳಿ ಕೇಳಿ ಉಚ್ಚಾರ ಕಲಿತೆ. ಹಾಡುಗಳ ನಡುವೆ, ಇಲ್ಲದ ನನ್ನ ಅಜ್ಜನ ದನದ ಫಾರ್ಮಿನ ಕಥೆ ಹೇಳುತ್ತಿದ್ದೆ. ಜನ ನಂಬಿದರು. ನನಗೂ ಅದು ಖುಷಿಯಾಗಿಯೇ ಇತ್ತು. ಈಗ ಹೇಳಲು ನಾಚಿಕೆಯಾಗುವುದು ಅದಕ್ಕೇ.

ನಿಜದಲ್ಲಿ ನನಗೆ ಗಿಟಾರು ಕಲಿಸಿದವರು ಊರಿನಲ್ಲಿ ನಮ್ಮ ಪಕ್ಕದ ಮನೆಯ ಮಾಸ್ಟ್ರು. ಹಡಗಿನಲ್ಲಿ ಕೆಲಸ ಮಾಡಿ ನಿವೃತ್ತರಾದವರು, ಇಗರ್ಜಿಯಲ್ಲಿ, ಅಂದರೆ ಚರ್ಚಿನಲ್ಲಿ, ಹಾಡು ಕಲಿಸುತ್ತಿದ್ದರು. ಅವರ ಮನೆಯಲ್ಲಿ ಕೊಂಕಣಿ, ನಮ್ಮಲ್ಲಿ ತುಳು, ನಮ್ಮಿಬ್ಬರ ನಡುವೆ ಕನ್ನಡ. ಸಹನಾವಿಕರಿಂದ ಕಲಿತ ಕಂಟ್ರಿ ಹಾಡುಗಳನ್ನು ಅವರು ಜಗಲಿಯಲ್ಲಿ ಕೂತು ಹೇಳಿಕೊಟ್ಟರು. ನನ್ನ ಬೆರಳು ಗಿಡ್ಡ. ಹಾಗಾಗಿ ಹೆಬ್ಬೆರಳನ್ನು ಮೇಲಿನಿಂದ ಬಾಗಿಸಿ ತಂತಿ ಒತ್ತುವ ಒಂದು ಉಪಾಯವನ್ನು ನನಗಾಗಿಯೇ ಹುಡುಕಿದ್ದರು.

ಒಂದು ಶನಿವಾರ ಅವರು ಹೋಟೆಲಿಗೆ ಬಂದರು. ಅಬುಧಾಬಿಯಲ್ಲಿರುವ ಮಗಳ ಮನೆಗೆ ಬಂದಿದ್ದರಂತೆ. ಜೊತೆಗೆ ಮಗಳು, ಅಳಿಯ, ಮೊಮ್ಮಗಳು. ಹದಿನೈದು ವರ್ಷಗಳ ಮೇಲೆ ನೋಡಿದರೂ ನನಗೆ ತಕ್ಷಣ ಗುರುತು ಸಿಕ್ಕಿತು. ಎರಡನೇ ಹಾಡಿಗೆ ಅವರ ಕಣ್ಣು ನನ್ನ ಎಡಗೈಯ ಮೇಲಿತ್ತು. ಹಾಡು ಮುಗಿದದ್ದೇ ಎದ್ದು ವೇದಿಕೆಯ ಹತ್ತಿರ ಬಂದರು. ಮುಖ ಅರಳಿತ್ತು.

"ನೀನು ನಮ್ಮ ಪಕ್ಕದ ಮನೆಯವಳಲ್ವಾ? ಎಂಥ ಮಾರಾಯ್ತಿ, ಗುರುತು ಸಿಗ್ಲಿಲ್ವಾ?"

ಮುಂದಿನ ಮೇಜಿನವರೆಲ್ಲ ನೋಡುತ್ತಿದ್ದರು. ನಾನು ಮೈಕಿನಲ್ಲೇ, ಆ ಕಲಿತ ಉಚ್ಚಾರದಲ್ಲೇ, "ಸಾರಿ ಸರ್, ಐ ಡೋಂಟ್ ಅಂಡರ್‌ಸ್ಟ್ಯಾಂಡ್" ಎಂದೆ. ಅಷ್ಟಕ್ಕೆ ನಿಲ್ಲಿಸಬಹುದಿತ್ತು. "ಈ ಮುದ್ದು ತಾತನಿಗೆ ಯಾರಾದರೂ ಅವರ ಟೇಬಲ್ ತೋರಿಸ್ತೀರಾ?" ಎಂದು ಇಂಗ್ಲಿಷಿನಲ್ಲಿ ಸೇರಿಸಿದೆ. ಜನ ನಕ್ಕರು. ಅವರು ನನಗೇ "ಸಾರಿ" ಹೇಳಿ ಹಿಂದಿರುಗಿದರು. ಮೊಮ್ಮಗಳು ಬಂದು ಅವರ ಕೈ ಹಿಡಿದುಕೊಂಡಳು.

ಒಂದು ವಾರ ಕ್ಲಿನಿಕ್ಕಿನಲ್ಲಿ ಯಾರು ಹತ್ತಿರ ಬಂದರೂ ಬೆಚ್ಚುತ್ತಿದ್ದೆ. ಊರಿನ ಗೆಳತಿಯಿಂದ ಮಾಸ್ಟ್ರ ಮಗಳ ವಿಳಾಸ ತರಿಸಿಕೊಂಡು, ಮುಂದಿನ ಶನಿವಾರ ಹಾಡಲು ಹೋಗದೆ ಅಬುಧಾಬಿಯ ಬಸ್ಸು ಹತ್ತಿದೆ. ಅಲ್ ರೀಮ್ ಐಲ್ಯಾಂಡಿನ ಎತ್ತರದ ಕಟ್ಟಡವೊಂದರಲ್ಲಿ ಅವರ ಮಗಳು ಬಾಗಿಲು ತೆಗೆದಳು. ಟೊಪ್ಪಿಯಿಲ್ಲದ ನನ್ನನ್ನು ಊರಿನ ನೆರೆಯವಳೆಂದು ಗುರುತಿಸಿ ಒಳಗೆ ಕರೆದಳು.

"ಒಳ್ಳೇದಾಯ್ತು ನೀವು ಬಂದದ್ದು" ಎಂದು ದನಿ ತಗ್ಗಿಸಿದಳು. "ಡ್ಯಾಡಿಗೆ ಈಗ ಸ್ವಲ್ಪ ಕನ್ಫ್ಯೂಷನ್. ಹೋಟೆಲಲ್ಲಿ ಯಾರೋ ಅಮೆರಿಕದವಳನ್ನು ನೀವು ಅಂದ್ಕೊಂಡು ಮಾತಾಡಿಸಿದ್ರು. ಸೋಮವಾರ ನರರೋಗದ ಡಾಕ್ಟರ ಅಪಾಯಿಂಟ್‌ಮೆಂಟ್ ಉಂಟು."

"ಅದು ನಾನೇ" ಎಂದೆ.

ಅವಳಿಗೆ ಮೊದಲು ಅರ್ಥವಾಗಲಿಲ್ಲ. ಅರ್ಥವಾದ ಮೇಲೆ ಒಳಗೆ ಹೋಗಿ ಕೋಣೆಯ ಬಾಗಿಲು ಹಾಕಿಕೊಂಡಳು.

ಮಾಸ್ಟ್ರು ಕಿಟಕಿಯ ಬಳಿ ಕೂತಿದ್ದರು. ಎಲ್ಲ ಕೇಳಿಸಿತ್ತು. ನಾನು ಕಾಲ ಬಳಿ ಕೂತೆ.

"ಕೈ ನೋಡಿಯೇ ಗೊತ್ತಾಗಿತ್ತು ನಂಗೆ" ಎಂದರು. "ನೀನು ಗುರುತು ಹೇಳದ್ದಕ್ಕೆ ಬೇಜಾರಿಲ್ಲ. ಹೊಟ್ಟೆಪಾಡು, ಇರ್ತದೆ. ಆದ್ರೆ ಮಗಳು ಡಾಕ್ಟರಿಗೆ ತೋರಿಸುವ ಅಂದ ಮೇಲೆ ನಂಗೂ ಹೆದರಿಕೆ ಆಯ್ತು. ದಿನಾ ಬೆಳಿಗ್ಗೆ ಎದ್ದು ಹಡಗಿನವರ ಹೆಸರೆಲ್ಲ ಹೇಳಿ ನೋಡ್ತಿದ್ದೆ, ನೆನಪು ಉಂಟಾ ಅಂತ."

ಆಮೇಲೆ ಅವರೇ ಎದ್ದು ಚಹಾ ಮಾಡಿಕೊಟ್ಟರು. ಒಂದು ಹಾಡು ಹೇಳು ಎಂದರು. ಎರಡು ಸಲ ಶುರುಮಾಡಿ, ಎರಡು ಸಲವೂ ಮೊದಲ ಸಾಲಿಗೇ ನಿಲ್ಲಿಸಿದೆ. "ಆಯ್ತು ಬಿಡು" ಎಂದರು.

ಆ ಪೋಸ್ಟರ್ ತೆಗೆಸಿ, ನನ್ನ ನಿಜವಾದ ಹೆಸರು, ಊರು ಹಾಕಿ ಎಂದು ನಾನು ಹೇಳಿದಾಗ ಮ್ಯಾನೇಜರು "ಹಾಗಾದ್ರೆ ಖಲಾಸ್" ಎಂದು ಬೇರೆಯವಳನ್ನು ಕರೆಸಿದರು. ಈಗ ತಿಂಗಳಿಗೊಮ್ಮೆ ಅಲ್ ಐನ್‌ನಲ್ಲಿ ನರ್ಸುಗಳು, ಟೀಚರುಗಳು ಸೇರುವ ಕಡೆ ನನ್ನ ಹೆಸರಿನಲ್ಲೇ ಹಾಡುತ್ತೇನೆ. ಊರಿಗೆ ಮರಳಿದ ಮಾಸ್ಟ್ರು ಆಗಾಗ ಫೋನು ಮಾಡುತ್ತಾರೆ. ಅವರ ಮಗಳು ಮಾತ್ರ ಇವತ್ತಿಗೂ ನನ್ನ ಜೊತೆ ಮಾತಾಡುವುದಿಲ್ಲ. ಮಾತಾಡಿಸು ಎಂದು ಕೇಳುವ ಮುಖ ನನಗಿಲ್ಲ.