ಇತಿಹಾಸಕಾರನ ಮರಿಮಗಳ ಮನೆಗೆ

ಸುಂಡ್‌ಬೀಬರ್ಯ್‌ನ ನಮ್ಮ ಬಾಡಿಗೆ ಮನೆಯಿಂದ ಹೊರಟಾಗ ಜಿಟಿಜಿಟಿ ಮಳೆ. ಲೋಕಲ್ ರೈಲಿನಲ್ಲಿ ಸ್ಟಾಕ್‌ಹೋಮ್‌ ತಲುಪಿ ದಕ್ಷಿಣದ ರೈಲು ಹತ್ತಿದೆವು. ಹೆಲ್ಸಿಂಗ್‌ಬೋರ್ಯ್‌ಗೆ ಸುಮಾರು ಐದು ಗಂಟೆಯ ಹಾದಿ. ಟಿಕೆಟ್ ದುಬಾರಿ. ಆದರೂ ನನ್ನ ಮುಖ ನೋಡಿ ಗಂಡ ರಘು ರಜೆ ಹಾಕಿ ಜೊತೆಗೆ ಬಂದಿದ್ದ.

ನಾನು ಪಿಎಚ್‌.ಡಿ. ಮಾಡುತ್ತಿದ್ದುದು ವಿಕ್ಟೋರಿಯಾ ರಾಣಿಯ ಕಾಲದ ಒಬ್ಬ ಇಂಗ್ಲಿಷ್ ಇತಿಹಾಸಕಾರನ ಮೇಲೆ. ಪಾದ್ರಿಯ ಮಗ; ಹಗಲು ಗುಮಾಸ್ತಿಕೆ, ಸಂಜೆ ಬರವಣಿಗೆ. ಪೆಸಿಫಿಕ್ ಸಾಗರದ ಒಂದು ದ್ವೀಪದಲ್ಲಿ ಬಿಳಿಯರು ನೆಲೆಯೂರಿದ ಕಥೆಯನ್ನು ಮೂರು ಸಂಪುಟಗಳಲ್ಲಿ ಬರೆದಿದ್ದ. ಅಲ್ಲಿ ತಲೆತಲಾಂತರದಿಂದ ಊರುಗಳಿದ್ದವು, ಗೆಣಸಿನ ಹೊಲಗಳಿದ್ದವು. ಆತ ಬರೆದದ್ದು ಮಾತ್ರ ‘ಜನರಿಲ್ಲದ ನೆಲ’ ಎಂದು. ದ್ವೀಪಕ್ಕೆ ಹೋಗಿ, ಕಣ್ಣಾರೆ ಕಂಡೂ ಸುಳ್ಳು ಹೇಳಿದ ಎಂಬುದು ನನ್ನ ವಾದ. ಪ್ರಬಂಧ ಪುಸ್ತಕವಾಗಿ ಅಚ್ಚಾಗಲಿತ್ತು; ಅದಕ್ಕೆ ಬೇಕಾದ ಆತನ ಹಳೆಯ ಫೋಟೋಗಳಿದ್ದದ್ದು ಮರಿಮಗಳ ಬಳಿ. ಸ್ವೀಡಿಷ್ ನಾವಿಕನನ್ನು ಮದುವೆಯಾಗಿ ಹೆಲ್ಸಿಂಗ್‌ಬೋರ್ಯ್‌ಗೆ ಬಂದ ಆಕೆಗೆ ಈಗ ಎಂಬತ್ತು ದಾಟಿತ್ತು. “ಚಿತ್ರ ಕೊಡುವ ಮೊದಲು ನೀವು ಬರೆದದ್ದನ್ನು ನನಗೆ ಓದಿ ಹೇಳಿ” ಎಂದಿದ್ದರು.

ರೈಲಿನಲ್ಲಿ ಪುಳಿಯೋಗರೆ ಡಬ್ಬಿ ಬಿಚ್ಚಿದರೂ ನನಗೆ ತುತ್ತು ಇಳಿಯಲಿಲ್ಲ.

“ಇಷ್ಟೊಂದು ಟೆನ್ಶನ್ ಯಾಕೆ? ನೋ ಅಂದ್ರೆ ಫೋಟೋ ಇಲ್ದೆ ಪ್ರಿಂಟ್ ಮಾಡಿದ್ರಾಯ್ತು” ಎಂದ ರಘು.

“ಫೋಟೋ ಅಲ್ರೀ ಪ್ರಾಬ್ಲಮ್. ಅವ್ರ ಮನೇಲೇ ಕೂತ್ಕೊಂಡು, ನಿಮ್ಮ ಮುತ್ತಜ್ಜ ಸುಳ್ಳುಗಾರ ಅಂತ ಹೇಗೆ ಓದ್ಲಿ?”

ಹೆಲ್ಸಿಂಗ್‌ಬೋರ್ಯ್‌ನಲ್ಲಿ ಮಳೆ ನಿಂತು ಗಾಳಿ ಎದ್ದಿತ್ತು. ಬಂದರಿನ ಹಿಂದಿನ ದಿಬ್ಬ ಹತ್ತಿ ಅವರ ಮನೆ ಸೇರಿದೆವು. “ಮೊದಲು ಫಿಕಾ” ಎಂದು ಕಾಫಿ, ದಾಲ್ಚಿನ್ನಿ ಬನ್ನು ಮುಂದಿಟ್ಟರು. ಆಮೇಲೆ ಕಣ್ಣು ಮುಚ್ಚಿ ಕುಳಿತರು. ನಾನು ಓದಿದೆ. ‘ಕಣ್ಣಾರೆ ಕಂಡೂ’ ಎಂಬಲ್ಲಿಗೆ ಬಂದಾಗ ಅವರು ಕಣ್ಣು ತೆರೆದರು.

“ಅದು ತಪ್ಪು” ಎಂದರು.

ರಘು ಬನ್ನನ್ನು ತಟ್ಟೆಗಿಟ್ಟ.

“ಅವರು ಕಣ್ಣಾರೆ ಕಾಣಲೇ ಇಲ್ಲ. ಹಡಗಿನ ಓಲಾಟಕ್ಕೆ ವಾಂತಿ, ಜ್ವರ. ಹಡಗು ಬಂದರಿನಲ್ಲಿ ನಿಂತಷ್ಟು ದಿನವೂ ಹಾಸಿಗೆ ಬಿಟ್ಟೇಳಲಿಲ್ಲ. ಬಿಳಿಯ ಜಮೀನುದಾರರು ಕೋಣೆಗೇ ಬಂದು ಹೇಳಿದ್ದನ್ನು ಬರೆದುಕೊಂಡರು. ಇಳಿದು ಓಡಾಡಿದ್ದು ಹೆಂಡತಿ. ಹೊಲದಲ್ಲಿ ಹೆಂಗಸರು ಗೆಣಸು ಅಗೆಯುತ್ತಿದ್ದರು, ನನಗೂ ಸುಟ್ಟು ಕೊಟ್ಟರು ಅಂತ ಆಕೆ ಬಂದು ಹೇಳಿದರೆ, ಅದು ಇತಿಹಾಸಕ್ಕೆ ಬೇಡ ಅಂದರಂತೆ. ಅವರ ಮಗಳು, ನಮ್ಮಜ್ಜಿ, ಇದನ್ನು ಹೇಳಿ ಹೇಳಿ ಸಿಟ್ಟಾಗುತ್ತಿದ್ದಳು.”

“ನಿಮಗೆ ಬೇಸರವಾಯಿತೇ?” ಎಂದೆ.

“ನೀವು ಅವರನ್ನು ಹೊಗಳಲು ಬರುತ್ತೀರಿ ಅಂತ ರಾತ್ರಿ ನಿದ್ದೆ ಬಂದಿರಲಿಲ್ಲ. ಹಿಂದೆ ಬಂದವರೆಲ್ಲ ಅದನ್ನೇ ಮಾಡಿ ಹೋದರು” ಎಂದು ನಕ್ಕರು. ನನಗೂ ನಗು ಬಂತು. ನಗುತ್ತಲೇ ಕಣ್ಣು ಒದ್ದೆಯಾದವು. ಎದೆಯ ಮೇಲಿನ ಕಲ್ಲು ಇಳಿದಿತ್ತು. ಹಸಿವೆಯೂ ಆಯಿತು, ಎರಡು ಬನ್ನು ತಿಂದೆ. ಅವರ ಅಜ್ಜಿಯ ಮಾತೊಂದನ್ನೇ ನಂಬಿ ಬರೆಯುವಂತಿರಲಿಲ್ಲ, ಹುಡುಕಾಟ ಮತ್ತೆ ಶುರು ಮಾಡಬೇಕಿತ್ತು. ಆದರೂ ಒಂದು ದೊಡ್ಡ ತಪ್ಪು ಅಚ್ಚಾಗುವುದು ತಪ್ಪಿತು.

ಚಿತ್ರಗಳನ್ನೆಲ್ಲ ಕೊಟ್ಟು, ಕೋಲೂರಿಕೊಂಡು ದಿಬ್ಬದ ಮೆಟ್ಟಿಲಿನವರೆಗೂ ಬಂದರು. ಕೆಳಗೆ ಡೆನ್ಮಾರ್ಕಿನ ಫೆರಿ ಆಗಷ್ಟೇ ದಡ ಬಿಡುತ್ತಿತ್ತು.

“ಪುಸ್ತಕದಲ್ಲಿ ಮುತ್ತಜ್ಜಿಯ ಹೆಸರೂ ಇರಲಿ” ಎಂದರು.

ಇಷ್ಟು ವರ್ಷ ಆಕೆಯನ್ನು ‘ಇತಿಹಾಸಕಾರನ ಪತ್ನಿ’ ಎಂದಷ್ಟೇ ಬರೆದಿದ್ದೆ. ಹೆಸರೇನೆಂದು ಕೇಳಿದೆ.

“ಹ್ಯಾರಿಯೆಟ್.”

ಅರ್ಧದಷ್ಟು ಮೆಟ್ಟಿಲಿಳಿದು ತಿರುಗಿ ನೋಡಿದೆ. ಗಾಳಿಗೆ ಕೂದಲು ಕೆದರಿ, ಅವರು ಇನ್ನೂ ಅಲ್ಲೇ ನಿಂತು ಕೈ ಬೀಸುತ್ತಿದ್ದರು.