ಎಡ ಮೂಲೆಯ ಕರೆ

ವಿಠ್ಠಲ ಸೇರಿಗಾರರನ್ನು ನಾನು ಮೊದಲು ಕಂಡದ್ದು ೨೦೨೩ರ ಡಿಸೆಂಬರ್ ಹದಿನಾಲ್ಕು, ಗುರುವಾರ, ಸಂಜೆ ಐದು ಮುಕ್ಕಾಲಿಗೆ. ಗಳಿಗೆ ಸಮೇತ ನೆನಪಿರುವುದಕ್ಕೆ ಕಾರಣವಿದೆ.

ನಾನು ಗದಗ ಜಿಲ್ಲೆಯ ರೋಣದ ಕಡೆಯವನು. ಅಹಮದಾಬಾದಿನ ಒಂದು ಸಂಶೋಧನಾ ಸಂಸ್ಥೆಯಲ್ಲಿ ತಾಂತ್ರಿಕ ಸಹಾಯಕನ ಕೆಲಸ ಸಿಕ್ಕಿ ಬಂದಿದ್ದೆ. ಬೋಡಕ್‌ದೇವ್‌ನ ಒಂದು ಅಪಾರ್ಟ್‌ಮೆಂಟಿನಲ್ಲಿ, ಮೂರನೆಯ ಮಹಡಿಯ ಕಾಮಾಕ್ಷಮ್ಮನವರ ಮನೆಯ ಒಂದು ಕೋಣೆ ನನ್ನದು. ಅವರು ಮೈಸೂರಿನ ಕಡೆಯವರು. ಗಂಡ ಇಲ್ಲಿನ ಬಾಹ್ಯಾಕಾಶ ಸಂಸ್ಥೆಯೊಂದರಲ್ಲಿ ಎಂಜಿನಿಯರ್ ಆಗಿದ್ದು ತೀರಿಕೊಂಡಿದ್ದರು. ನಾನು ಬಂದು ನಾಲ್ಕನೆಯ ದಿನ ಅವರು ಬಾಲ್ಕನಿಯಿಂದ ಕೆಳಗೆ ತೋರಿಸಿ ಹೇಳಿದರು: "ಮಕ್ಕಳಿಗೆ ಬಾಸ್ಕೆಟ್‌ಬಾಲ್ ಆಡಿಸ್ತಾನಲ್ಲ, ಆ ಉದ್ದನೆಯವನು, ಅವನು ನಮ್ಮ ಕನ್ನಡದವನೇ. ವಿಠ್ಠಲ ಅಂತ. ಹೋಗಿ ಮಾತಾಡಿಸು, ನಿನಗೂ ಬೇಜಾರು ಕಳೆಯುತ್ತೆ."

ಇಳಿದು ಹೋದೆ. ಮಕ್ಕಳು ಹೊರಟುಹೋಗಿದ್ದರು. ಸುತ್ತ ತಂತಿ ಜಾಲರಿ, ನಡುವೆ ಹಸಿರು ಬಣ್ಣ ಬಳಿದ ಅಂಗಳ, ನಾಲ್ಕು ಕಂಬಗಳ ಮೇಲೆ ಹೊತ್ತಿಸದ ದೊಡ್ಡ ದೀಪಗಳು. ಅವರು ಬಾಲುಗಳನ್ನು ಒಂದೊಂದಾಗಿ ಬಲೆಯ ಚೀಲಕ್ಕೆ ತುರುಕುತ್ತಿದ್ದರು. ರೈಲು ತಪ್ಪಿಹೋಗುತ್ತದೆನ್ನುವವರಂತೆ ಮತ್ತೆ ಮತ್ತೆ ಆಕಾಶ ನೋಡುತ್ತಿದ್ದರು. ಬುಟ್ಟಿಗೆ ಎದುರಾಗಿ ನಿಂತರೆ ಎಡಕ್ಕೆ ಬರುವ ಮೂಲೆಯಲ್ಲಿ ಒಂದು ಸಣ್ಣ ಬಾಗಿಲಿತ್ತು. ನಾನು ಅಲ್ಲಿಂದ ಒಳಗೆ ಬಂದು, "ವಿಠ್ಠಲ ಸರ್" ಎಂದೆ. ಸಂಕೋಚಕ್ಕೆ 'ಸರ್' ಗಂಟಲಲ್ಲೇ ಉಳಿಯಿತು. ಹೆಸರು ಮಾತ್ರ ಹೊರಗೆ ಬಂತು.

ಅವರ ಬೆನ್ನು ನನ್ನ ಕಡೆಗಿತ್ತು. ಬಾಗಿದ್ದವರು ಬಾಗಿದಂತೆಯೇ ನಿಂತುಬಿಟ್ಟರು. ಹೆಗಲು ಮೇಲೇರಿತು. ತಿರುಗಲಿಲ್ಲ. ಒಂದು ಬಾಲು ಹೊರಗೇ ಉಳಿದಿತ್ತು, ಅದನ್ನು ಬಿಟ್ಟು, ಚೀಲ ಎಳೆದುಕೊಂಡು ಎದುರಿನ ಬಾಗಿಲ ಕಡೆ ದಾಪುಗಾಲು ಹಾಕಿದರು. ಕೇಳಿಸಲಿಲ್ಲವೇನೋ ಎಂದುಕೊಂಡು ಮತ್ತೆ ಕೂಗಿದೆ: "ರೀ ವಿಠ್ಠಲ ಸರ್, ನಾನ್ರೀ, ಕಾಮಾಕ್ಷಮ್ಮೋರ ಮನ್ಯಾಗ ಬಂದಾಂವ!"

ಆಗ ತಿರುಗಿದರು. ಮುಖ ಬಿಳಿಚಿಕೊಂಡಿತ್ತು. ನನ್ನನ್ನು ಕಾಲಿನಿಂದ ತಲೆಯವರೆಗೆ ನೋಡಿ ಕೇಳಿದ ಮೊದಲ ಮಾತು ಇದು: "ಈಗ ಎರಡನೇ ಸಲ ಕರೆದಿರಿ, ಹೌದಾ?"

"ಹೌದ್ರೀ."

"ಹಾಗಾದ್ರೆ ಸರಿ." ಉಸಿರು ಬಿಟ್ಟು, ನನ್ನ ತೋಳು ಹಿಡಿದು ಹೊರಗೆ ಕರೆದುಕೊಂಡು ಬಂದರು. ಉಳಿದ ಬಾಲನ್ನು ತೋರಿಸಿದೆ. "ಇರಲಿ. ಬೆಳಿಗ್ಗೆ ತಗೊಳ್ತೇನೆ" ಎಂದರು.

ಗೇಟಿನಾಚೆಯ ಚಹಾ ಗಾಡಿಯ ಹತ್ತಿರ ಅವರಾಗಿಯೇ ನಕ್ಕು ವಿವರಿಸಿದರು. ಅವರ ಅಜ್ಜಿ ಕುಂದಾಪುರದ ಕಡೆಯವರು. "ಮಗಾ, ಮುಸ್ಸಂಜಿಗೆ ಒಂದೇ ಸಲ ಕರ್ದ್ರೆ ಓಗೊಡುಕಾಗ, ತಿರ್ಗಿ ಕಾಂಬುಕಾಗ" ಎಂದು ಹೇಳಿ ಬೆಳೆಸಿದ್ದರಂತೆ. ಓಗೊಡಬಾರದು, ತಿರುಗಿಯೂ ನೋಡಬಾರದು. ಮನುಷ್ಯರಾದರೆ ಎರಡು ಸಲ, ಮೂರು ಸಲ ಕರೆಯುತ್ತಾರೆ. ಒಂದೇ ಸಲ ಕರೆಯುವುದು ಬೇರೆ. ನಮ್ಮೂರಲ್ಲೂ ಹೀಗೇ ಹೇಳುತ್ತಾರೆ ಎಂದು ನಾನೂ ನಕ್ಕೆ. ಅವರು ಮಾತ್ರ ಅಷ್ಟರಲ್ಲಿ ನಗು ನಿಲ್ಲಿಸಿದ್ದರು.

ಆಮೇಲಿನ ಒಂದು ವರ್ಷದಲ್ಲಿ, ಹೆಚ್ಚಾಗಿ ಆ ಗಾಡಿಯ ಬಳಿಯೇ, ಅವರ ಬದುಕು ನನಗೆ ತಿಳಿಯುತ್ತಾ ಹೋಯಿತು.

ಬೆಳೆದದ್ದು ವಡೋದರಾದ ಮಕರಪುರದಲ್ಲಿ. ಕಾರ್ಖಾನೆಗಳ ನಡುವೆ ಅವರ ತಂದೆಯದು ಇಡ್ಲಿ ದೋಸೆಯ ಸಣ್ಣ ಹೋಟೆಲು. ಪಾಳಿ ಬಿಟ್ಟ ಕೂಡಲೇ ನೂರು ಜನ ಒಟ್ಟಿಗೆ ನುಗ್ಗುತ್ತಿದ್ದರು. ಶಾಲೆ ಮುಗಿಸಿ ಬಂದ ವಿಠ್ಠಲರಿಗೆ ಬಡಿಸುವ ಕೆಲಸ. "ಬೆನ್ನ ಹಿಂದಿನವ ಕರೆದ್ರೆ ತಿರುಗಿ ನೋಡದೇ ಯಾವ ಮೇಜು ಅಂತ ಗೊತ್ತಾಗ್ಬೇಕು. ಒಂದು ಕರೆಗೆ ಹೋಗ್ಬೇಕು. ಎರಡನೇ ಕರೆ ಬಂದ್ರೆ ಅಪ್ಪಯ್ಯನ ಸೌಟು ನನ್ನ ತಲೆ ಮೇಲೆ." ಹದಿನೈದಕ್ಕೇ ಆರಡಿ ದಾಟಿದ್ದರು. ಊಟಕ್ಕೆ ಬರುತ್ತಿದ್ದ ಒಂದು ವಿದ್ಯುತ್ ಉಪಕರಣ ಕಾರ್ಖಾನೆಯ ತಂಡದ ಕೋಚ್ ಅವರ ತಂದೆಗೆ ಹೇಳಿದನಂತೆ: "ಅಣ್ಣಾ, ನಿಮ್ಮ ಈ ಒಂಟೆ ಸಾಂಬಾರು ಬಡಿಸಿಯೇ ಹಾಳಾಗ್ತಾನೆ. ನಮಗೆ ಕೊಡಿ."

ಹಾಗೆ ಕಾರ್ಖಾನೆಯ ನೌಕರಿ, ಕಾರ್ಖಾನೆಯ ತಂಡ. ನೋಡದೇ ಬಾಲು ಕೊಡುವುದಕ್ಕೆ ಅವರು ಹೆಸರಾದರು. ಎದುರಾಳಿ ಅವರ ಕಣ್ಣು ಯಾವ ಕಡೆ ಇದೆಯೆಂದು ನೋಡುತ್ತಿದ್ದ. ಅವರು ಕಿವಿ ಹೇಳಿದ ಕಡೆ ಎಸೆಯುತ್ತಿದ್ದರು.

ಆ ತಂಡದಲ್ಲೇ ನಂಜುಂಡ ಸಿಕ್ಕಿದ್ದು. ನಂಜುಂಡ ಕಾಮಾಕ್ಷಮ್ಮನವರ ಒಬ್ಬನೇ ಮಗ. ಅಂಗಳದಲ್ಲಿ ಇಬ್ಬರೂ ಕನ್ನಡದಲ್ಲೇ ಕೂಗಿಕೊಳ್ಳುತ್ತಿದ್ದರು. ಗುಜರಾತಿನ ಯಾವ ತಂಡಕ್ಕೂ ಅದು ತಿಳಿಯುತ್ತಿರಲಿಲ್ಲ. ನಂಜುಂಡನ ಜಾಗ ಎಡ ಮೂಲೆ. "ಎಡಕ್ಕೆ!" ಎಂದು ಅವನು ಒಮ್ಮೆ ಕೂಗಿದರೆ ಸಾಕು, ಬಾಲು ಅವನ ಕೈಯಲ್ಲಿರುತ್ತಿತ್ತು. ಒಂದು ಖಾಸಗಿ ಲೀಗ್ ಶುರುವಾದಾಗ ಸೂರತ್ತಿನ ಪಾಂಡೇಸರಾದ ಬಣ್ಣದ ಗಿರಣಿಯ ಮಾಲೀಕನೊಬ್ಬ ಅಲ್ಲಿನ ತಂಡ ಕಟ್ಟಿ ಇಬ್ಬರನ್ನೂ ಒಟ್ಟಿಗೆ ಕರೆಸಿಕೊಂಡ. "ಗಂಡ ಹೆಂಡತಿ ಬಂದರು" ಎಂದು ತಂಡದವರು ಛೇಡಿಸುತ್ತಿದ್ದರಂತೆ. ಗಿರಣಿಯ ಹಿಂದೆಯೇ ಅಭ್ಯಾಸದ ಅಂಗಳ. ಬಟ್ಟೆಗೆ ಬಣ್ಣ ಹಾಕುವ ಶೆಡ್ಡಿನ ಬಿಸಿ ಹಬೆ ಸಂಜೆಯಾದರೆ ಅಂಗಳದ ಮೇಲೆ ಇಳಿಯುತ್ತಿತ್ತು.

೨೦೧೨ರ ಜನವರಿಯ ಒಂದು ಸಂಜೆ ನಂಜುಂಡ ಆ ಎಡ ಮೂಲೆಯಲ್ಲಿ ಕುಸಿದು ಸತ್ತ. ಇಪ್ಪತ್ತೊಂಬತ್ತು ವರ್ಷ. ಹೃದಯ ಎಂದರು ವೈದ್ಯರು.

ಅಂದಿನಿಂದ ವಿಠ್ಠಲರು ಬಿಡುವಿದ್ದ ಭಾನುವಾರಗಳಲ್ಲೆಲ್ಲ ಕಾಮಾಕ್ಷಮ್ಮನವರ ಮನೆಗೆ ಬಂದು ಊಟ ಮಾಡುತ್ತಾರೆ. ನಾನು ಬಂದಂದಿನಿಂದ ನೋಡಿದ್ದೇನೆ. ಮಜ್ಜಿಗೆ ಅನ್ನದ ಹೊತ್ತಿಗೆ ಕಾಮಾಕ್ಷಮ್ಮ ಕೇಳುತ್ತಿದ್ದ ಪ್ರಶ್ನೆ ಒಂದೇ: "ಕೊನೇಲಿ ಅವನು ಏನಾದರೂ ಅಂದನೇನೋ ವಿಠ್ಠಲ?" ವಿಠ್ಠಲರು ತಟ್ಟೆ ನೋಡುತ್ತಾ ಹೇಳುತ್ತಿದ್ದ ಉತ್ತರವೂ ಒಂದೇ: "ಇಲ್ಲಮ್ಮ. ಏನೂ ಇಲ್ಲ."

ನಂಜುಂಡ ಹೋದ ಮೇಲೆ ಒಂದೇ ಸೀಸನ್ ಆಡಿದರು. ಅದು ಅವರ ಅತ್ಯುತ್ತಮ ಸೀಸನ್. ಅದರ ಬಗ್ಗೆ ಒಮ್ಮೆ ಮಾತ್ರ ಮಾತಾಡಿದ್ದಾರೆ. ಎಡ ಮೂಲೆಗೆ ಕಶ್ಯಪ್ ಎಂಬ ಸೂರತ್ತಿನ ಹುಡುಗ ಬಂದಿದ್ದ. ಕನ್ನಡದ ಒಂದು ಅಕ್ಷರ ಗೊತ್ತಿಲ್ಲದವನು. ಆಟದ ಮಧ್ಯೆ ವಿಠ್ಠಲರಿಗೆ "ಎಡಕ್ಕೆ!" ಎಂದು ಕೇಳಿಸುತ್ತಿತ್ತು. ತಡೆಯಲಾರದೆ ಕೈ ಬಾಲು ಬಿಟ್ಟುಬಿಡುತ್ತಿತ್ತು. ಪ್ರತಿ ಸಲವೂ ಕಶ್ಯಪ್ ಸರಿಯಾಗಿ ಅಲ್ಲಿರುತ್ತಿದ್ದ. ಕೋಚ್ ಕುಣಿದಾಡುತ್ತಿದ್ದ. ಹನ್ನೊಂದನೆಯ ಸಲವಾದ ಮೇಲೆ ವಿಠ್ಠಲರು ಕಶ್ಯಪ್‌ನನ್ನು ಪಕ್ಕಕ್ಕೆ ಕರೆದು ಕೇಳಿದರು: "ನೀನು ಅಲ್ಲಿಗೆ ಯಾಕೆ ಓಡ್ತೀಯ?"

"ನೀವೇ ಕರೀತೀರಲ್ಲ, ವಿಠ್ಠಲ್‌ಭಾಯ್."

"ಏನಂತ?"

"ಎಡಕ್ಕೆ ಅಂತ" ಎಂದನಂತೆ ಕಶ್ಯಪ್, ಮೈಸೂರಿನವರಂತೆ ಸ್ಪಷ್ಟವಾಗಿ. "ಹಾಗಂದ್ರೆ ಏನು, ಭಾಯ್?"

ಆದರೆ ಆ ಸೀಸನ್ನಿನಲ್ಲಿ ಆಟದ ಮಧ್ಯೆ ವಿಠ್ಠಲರು ಒಮ್ಮೆಯೂ ಬಾಯಿ ತೆರೆದಿರಲಿಲ್ಲ. ಮೊಣಕಾಲು ನೋವು ಎಂದು ಹೇಳಿ ಆಟ ಬಿಟ್ಟರು. ಮೊಣಕಾಲಿಗೆ ಏನೂ ಆಗಿರಲಿಲ್ಲ.

ಬೋಡಕ್‌ದೇವ್‌ಗೆ ಅವರನ್ನು ಕರೆತಂದವರು ಕಾಮಾಕ್ಷಮ್ಮನೇ. ಅಪಾರ್ಟ್‌ಮೆಂಟಿನ ಸೊಸೈಟಿಯವರಿಗೆ ಹೇಳಿ ಮಕ್ಕಳಿಗೆ ಕಲಿಸುವ ಕೆಲಸ ಕೊಡಿಸಿದರು. ಒಳ್ಳೆಯ ಕೋಚ್. ಹಗಲಲ್ಲಿ ಮಕ್ಕಳು ಒಂದು ಸಲ "ಸರ್" ಎಂದರೆ ಸಾಕು, ಎಲ್ಲಿದ್ದರೂ ಓಡಿ ಬರುತ್ತಿದ್ದರು. ಆದರೆ ಸೂರ್ಯ ಮುಳುಗುವ ಮೊದಲೇ ಆಟ ಮುಗಿಯಬೇಕು. ಸೊಸೈಟಿಯ ಕಾರ್ಯದರ್ಶಿ ನನ್ನ ಎದುರಿಗೇ ರೇಗಿಸಿದ್ದರು: "ವಿಠ್ಠಲ್‌ಭಾಯ್, ಈ ಫ್ಲಡ್‌ಲೈಟ್ ಏನು ಮದುವೆಗೆ ಹಾಕಿಸಿದ್ದಾ? ಕೋಳಿಗಿಂತ ಮೊದಲು ಗೂಡು ಸೇರ್ತೀರಿ!"

೨೦೨೫ರ ಜನವರಿ, ಇಲ್ಲಿನ ಗಾಳಿಪಟದ ಹಬ್ಬ ಉತ್ತರಾಯಣಕ್ಕೆ ಒಂದು ವಾರ ಮೊದಲು. ಕಾಮಾಕ್ಷಮ್ಮ ದೇವರಿಗೆ ದೀಪ ಹಚ್ಚಿ ಬಂದು ನನ್ನನ್ನು ಕೇಳಿದರು: "ದಿನಾ ಈ ಹೊತ್ತಿಗೆ ಕೆಳಗಿಂದ ವಿಠ್ಠಲನ್ನ ಒಬ್ಬ ಕರೀತಾನಲ್ಲ, ಯಾರು ಅದು? ಒಂದೇ ಸಲ ಕರೆದು ಸುಮ್ಮನಾಗಿಬಿಡ್ತಾನೆ."

ಬಾಲ್ಕನಿಯಿಂದ ನೋಡಿದೆ. ಅಂಗಳದಲ್ಲಿ ಯಾರೂ ಇರಲಿಲ್ಲ. ತಿರುಗಿ ನೋಡಿದಾಗ ಇನ್ನೊಂದು ವಿಷಯ ಕಣ್ಣಿಗೆ ಬಿತ್ತು. ಕಾಮಾಕ್ಷಮ್ಮನವರಿಗೆ ಕಿವಿ ಮಂದ. ಯಂತ್ರವಿಲ್ಲದೆ ಪ್ರೆಶರ್ ಕುಕ್ಕರಿನ ಸೀಟಿಯೂ ಕೇಳಿಸುವುದಿಲ್ಲ. ಆ ಯಂತ್ರ ಮೇಜಿನ ಮೇಲಿತ್ತು.

ಮರುದಿನ ಚಹಾ ಗಾಡಿಯಲ್ಲಿ ವಿಠ್ಠಲರಿಗೆ ಹೇಳಿದೆ. ಅವರು ಲೋಟ ಕೆಳಗಿಟ್ಟರು. "ಅಮ್ಮನಿಗೂ ಕೇಳಿಸ್ತಿದೆಯಾ" ಎಂದರು. ಆಮೇಲೆ ಹದಿಮೂರು ವರ್ಷ ಯಾರಿಗೂ ಹೇಳದಿದ್ದುದನ್ನು ಹೇಳಿದರು.

ಅಂದು ಅಭ್ಯಾಸ ಮುಗಿದಿತ್ತು, ಉಳಿದವರು ಹೋಗಿದ್ದರು. ನಂಜುಂಡ ಬಾಲು ಹೆಕ್ಕುತ್ತಿದ್ದ. ಇವರು ಮುಖ ತೊಳೆಯಲು ನಲ್ಲಿಯ ಕಡೆ ಹೊರಟಿದ್ದರು. ಹಬೆ ಇಳಿದು ಮಬ್ಬಾಗಿತ್ತು. ಹಿಂದಿನಿಂದ "ವಿಠ್ಠಲಾ" ಎಂದು ಕೇಳಿಸಿತು. ಒಂದೇ ಸಲ. ಧ್ವನಿ ಸ್ವಲ್ಪ ಬೇರೆ ಥರ ಇತ್ತು. "ಆಟದೊಳಗಾದ್ರೆ ಆ ಕರೆಗೆ ನಾನು ನಿದ್ದೆಯಲ್ಲೂ ಬಾಲು ಕೊಡ್ತಿದ್ದೆ. ಆದರೆ ಆಟ ಮುಗಿದಿತ್ತು, ಮುಸ್ಸಂಜೆ. ಅಜ್ಜಿ ಹೇಳಿದ್ದು ಕಾಲಿಗೇ ನೆನಪಿತ್ತು. ನಾನು ಯೋಚನೆಯೇ ಮಾಡಲಿಲ್ಲ. ನಡೆದುಬಿಟ್ಟೆ. ಎರಡನೇ ಸಲ ಕರೆದರೆ ತಿರುಗುವಾ ಅಂತ. ಮುಖ ತೊಳೆದೆ. ನಿಧಾನವಾಗಿಯೇ ತೊಳೆದೆ."

ಬೇಗ ನೋಡಿದ್ದರೆ ಉಳಿಯುತ್ತಿದ್ದನೇನೋ ಎಂದು ಒಬ್ಬ ವೈದ್ಯ, ಇಲ್ಲ ಎಂದು ಇನ್ನೊಬ್ಬ. ಅಂದಿನಿಂದ ಎಲ್ಲೇ ಅಂಗಳದಲ್ಲಿರಲಿ, ದೀಪ ಹಚ್ಚುವ ಹೊತ್ತಿಗೆ ಎಡ ಮೂಲೆಯಿಂದ ಆ ಒಂದು ಕರೆ ಬರುತ್ತದೆ. ಇವರು ಓಡುತ್ತಾರೆ. ನಾನು ಮೊದಲ ದಿನ ಕರೆದದ್ದೂ ಆ ಮೂಲೆಯಿಂದಲೇ.

ಆ ವಾರ ಕಚೇರಿ ಕೆಲಸಕ್ಕೆ ಸೂರತ್‌ಗೆ ಹೋಗಿದ್ದೆ. ಮನಸ್ಸು ತಡೆಯದೆ ಪಾಂಡೇಸರಾಕ್ಕೆ ಹೋಗಿ ಹುಡುಕಿದೆ. ಗಿರಣಿ ಮುಚ್ಚಿದೆ. ಅಂಗಳದಲ್ಲಿ ಬುಟ್ಟಿಯ ಕಂಬ ಉಳಿದಿದೆ, ನಲ್ಲಿಯೂ ಇದೆ. ಎಡ ಮೂಲೆಯಿಂದ ನಲ್ಲಿಗೆ ಹೆಜ್ಜೆ ಹಾಕಿ ಎಣಿಸಿದೆ. ನಲವತ್ತೊಂದು. ಹಿಂದಿರುಗಿ ಎಣಿಸುವ ಧೈರ್ಯವಾಗಲಿಲ್ಲ. ಹೊತ್ತು ಮುಳುಗುತ್ತಿತ್ತು.

ಜನವರಿ ಹತ್ತೊಂಬತ್ತು, ಭಾನುವಾರ. ಊಟವಾಗಿತ್ತು. ಕಾಮಾಕ್ಷಮ್ಮ ಸೂರತ್ತಿನ ಪಾಪಡಿ ಕಾಯಿ ಬಿಡಿಸುತ್ತಿದ್ದರು. ಅವರಿಗೆ ಅದೇ ಅವರೆಕಾಯಿ. ಅಂದು ಅವರು ಪ್ರಶ್ನೆ ಕೇಳುವ ಮೊದಲೇ ವಿಠ್ಠಲರು ನೆಲದ ಮೇಲೆ ಕೂತು ಎಲ್ಲವನ್ನೂ ಹೇಳಿಬಿಟ್ಟರು.

ಕಾಮಾಕ್ಷಮ್ಮನ ಕೈ ನಿಲ್ಲಲಿಲ್ಲ. ಐದಾರು ಕಾಯಿ ಬಿಡಿಸಿದ ಮೇಲೆ ಹೇಳಿದರು: "ಹದಿಮೂರು ವರ್ಷ ನನ್ನ ಮನೇಲಿ ಊಟ ಮಾಡಿದೀಯ."

"ಹೌದಮ್ಮ."

"ಪ್ರತಿ ವಾರ ಕೇಳಿದೀನಿ."

"ಹೌದಮ್ಮ."

ಇನ್ನು ಈ ಮನೆಗೆ ಅವರು ಬರುವಂತಿಲ್ಲ ಎಂದೇ ನಾನು ಅಂದುಕೊಂಡೆ. ವಿಠ್ಠಲರೂ ಹಾಗೇ ಅಂದುಕೊಂಡರೆಂದು ಕಾಣುತ್ತದೆ, ಏಳಲು ಹೊರಟರು.

"ಕೂತ್ಕೊ" ಎಂದರು ಕಾಮಾಕ್ಷಮ್ಮ. "ನಾನೂ ಅವನಿಗೆ ಅದನ್ನೇ ಹೇಳಿಕೊಟ್ಟಿದ್ದು. ದೀಪ ಹಚ್ಚೋ ಹೊತ್ತಲ್ಲಿ ಒಂದೇ ಸಲ ಕರೆದ್ರೆ ತಿರುಗಬೇಡ, ಯಾರನ್ನಾದ್ರೂ ಕರೆಯೋದಾದ್ರೆ ಮೂರು ಸಲ ಕರಿ ಅಂತ. ಅವನಿಗೆ ಗೊತ್ತಿತ್ತು. ಉಸಿರಿದ್ದಿದ್ರೆ ಮೂರು ಸಲ ಕರೀತಿದ್ದ." ಬಿಡಿಸಿದ ಕಾಳನ್ನು ಒಂದು ಕಡೆ ಸರಿಸಿದರು. "ಇನ್ನೂ ಎರಡು ಸಲ ಉಳಿದಿದೆ ಅವನದು. ಅವನು ಶುರು ಮಾಡ್ತಾನೆ, ನೀನು ಓಡಿಹೋಗ್ತೀಯ. ಮತ್ತೆ ಮಾರನೇ ದಿನ ಮೊದಲಿಂದ ಶುರು ಮಾಡ್ತಾನೆ. ಇವತ್ತು ಓಡಬೇಡ. ನಿಂತ್ಕೊ. ನಾನೂ ಬರ್ತೀನಿ."

ಆರು ಗಂಟೆಗೆ ಮೂವರೂ ಇಳಿದೆವು. ಕಾಮಾಕ್ಷಮ್ಮ ಕಿವಿಯ ಯಂತ್ರ ಮನೆಯಲ್ಲೇ ಬಿಟ್ಟು ಬಂದಿದ್ದರು. ಪಕ್ಕದ ಕಲ್ಲು ಬೆಂಚಿನ ಮೇಲೆ ಕೂತರು, ನಾನು ಅವರ ಹಿಂದೆ ನಿಂತೆ. ಹಬ್ಬದ ಗಾಳಿಪಟದ ದಾರ ಜಾಲರಿಯ ತುಂಬ ಸಿಕ್ಕಿಕೊಂಡು ಅಲುಗುತ್ತಿತ್ತು. ವಿಠ್ಠಲರು ಬುಟ್ಟಿಯ ಎದುರು, ಎಡ ಮೂಲೆಗೆ ಬೆನ್ನು ಮಾಡಿ, ಒಂದು ಬಾಲು ಹಿಡಿದು ನಿಂತರು. ಸೂರ್ಯ ಮುಳುಗಿದ. ಮನೆಗಳಲ್ಲಿ ಒಂದೊಂದೇ ದೀಪ ಹೊತ್ತಿತು.

ನನಗೆ ಹೆದ್ದಾರಿಯ ವಾಹನಗಳ ಸದ್ದು ಬಿಟ್ಟು ಏನೂ ಕೇಳಿಸಲಿಲ್ಲ. ಇದನ್ನು ನಾನು ಪ್ರಾಮಾಣಿಕವಾಗಿ ಹೇಳಬೇಕು. ನೋಡಿದ್ದು ಇಷ್ಟು: ವಿಠ್ಠಲರ ಹೆಗಲು ಮೇಲೇರಿತು. ಅದೇ ಗಳಿಗೆಗೆ ಕಾಮಾಕ್ಷಮ್ಮ ಮಡಿಲಲ್ಲಿದ್ದ ಕೈಯ ಒಂದು ಬೆರಳು ಎತ್ತಿದರು. ಅವರು ಕೂತಲ್ಲಿಗೆ ವಿಠ್ಠಲರು ಕಾಣುತ್ತಿರಲಿಲ್ಲ, ಕಂಬ ಅಡ್ಡ ಇತ್ತು. ವಿಠ್ಠಲರು ನಿಂತಲ್ಲಿಂದ ಕದಲಲಿಲ್ಲ. ಎರಡನೆಯ ಬೆರಳು ಎದ್ದಿತು. ಆಮೇಲೆ ಬಹಳ ಹೊತ್ತು ಏನೂ ಇಲ್ಲ. ಗಾಳಿ ನಿಂತು ದಾರಗಳೂ ಅಲುಗಾಟ ನಿಲ್ಲಿಸಿದವು. ಮೂರನೆಯ ಬೆರಳು ಎದ್ದಾಗ ವಿಠ್ಠಲರು, "ಓ! ಬಂದೆ, ನಂಜುಂಡಾ, ಬಂದೆ" ಎಂದರು. ತಿರುಗಿ ನೋಡದೆ, ಬೆನ್ನ ಹಿಂದಿನಿಂದಲೇ, ಬಾಲನ್ನು ಎಡ ಮೂಲೆಗೆ ಎಸೆದರು.

ಬಲವಾದ ಎಸೆತ. ಜಾಲರಿಗೆ ಬಡಿದು ಝಣಗುಟ್ಟಬೇಕಿತ್ತು. ಆ ಸದ್ದಿಗೆ ಕಾದೆ. ಬರಲಿಲ್ಲ. ನೆಲಕ್ಕೆ ಪುಟಿದ ಸದ್ದೂ ಬರಲಿಲ್ಲ. ಹೋಗಿ ನೋಡಿದಾಗ ಬಾಲು ಗೆರೆಯ ಒಳಗೆ, ಯಾರೋ ಇಟ್ಟಂತೆ ನಿಂತಿತ್ತು.

"ಸಾಕು, ನಡೀರಿ. ಸೊಳ್ಳೆ ಕಚ್ತಿವೆ" ಎಂದು ಕಾಮಾಕ್ಷಮ್ಮ ಸೆರಗು ಕೊಡವಿಕೊಂಡು ಎದ್ದರು. ವಿಠ್ಠಲರು ಬಾಲನ್ನು ಎತ್ತಿ ಚೀಲಕ್ಕೆ ಹಾಕಿ, ಚೀಲದ ಬಾಯಿ ಕಟ್ಟಿದರು. ಅಂದಿನಿಂದ ಕಾಮಾಕ್ಷಮ್ಮ ಆ ಪ್ರಶ್ನೆ ಕೇಳಿಲ್ಲ. ಭಾನುವಾರ ಊಟಕ್ಕೆ ಈಗಲೂ ಎರಡು ತಟ್ಟೆ ಹೆಚ್ಚಿಗೆ ಇಡುತ್ತಾರೆ, ನನಗೊಂದು, ವಿಠ್ಠಲರಿಗೊಂದು.

ವಿಠ್ಠಲ ಸೇರಿಗಾರರಿಗೆ ಈಗ ನಲವತ್ಮೂರು ವರ್ಷ. ಬೋಡಕ್‌ದೇವ್‌ನ ಅದೇ ಅಂಗಳದಲ್ಲಿ ವಾರಕ್ಕೆ ಐದು ದಿನ, ಸಂಜೆ ಆರರಿಂದ ಎಂಟರವರೆಗೆ, ದೀಪ ಹಾಕಿಸಿ, ಹದಿನಾಲ್ಕು ಮಕ್ಕಳಿಗೆ ಬಾಸ್ಕೆಟ್‌ಬಾಲ್ ಕಲಿಸುತ್ತಾರೆ.