ಎರಡು ಸೆಕೆಂಡಿನ ನಗು

ಗಿರಣಿಯ ಗೇಟು ಕಾಯುತ್ತಿದ್ದ ಅವರನ್ನು ಎಲ್ಲರೂ ಸಲಾಮು ತಾತ ಎನ್ನುತ್ತಿದ್ದರು. ಮಾಲೀಕ ಬರಲಿ, ಹಾಲಿನವನು ಬರಲಿ, ಎದ್ದು ನೆಟ್ಟಗೆ ನಿಂತು ಒಂದು ಸಲಾಮು. ಅವರ ಮಗಳೂ ಅದೇ ಗಿರಣಿಯಲ್ಲಿ ಮಗ್ಗದ ಕೆಲಸಕ್ಕಿದ್ದಳು. ಗಿರಣಿಗೆ ಬೆಂಕಿ ಬಿದ್ದಾಗ ಸತ್ತ ಮೂವರಲ್ಲಿ ಒಬ್ಬಳು ಆಕೆಯ ಪಕ್ಕದ ಮಗ್ಗದವಳು, ಜೀವದ ಗೆಳತಿ.

ಆ ಬೆಂಕಿಯ ಬಗ್ಗೆ ನಾವೊಂದು ಸಾಕ್ಷ್ಯಚಿತ್ರ ಮಾಡಿದೆವು. ಸಂಕಲನ ನನ್ನದು. ಚಿತ್ರಕ್ಕೊಬ್ಬ ಕೆಟ್ಟವನು ಬೇಕಿತ್ತು. ಮಾಲೀಕ ಕ್ಯಾಮೆರಾ ಮುಂದೆ ಬರಲೇ ಇಲ್ಲ. ತಾತ ಬಂದಿದ್ದರು, ಪಾಪ, ಅಂಗಿಯ ಗುಂಡಿಗಳನ್ನೆಲ್ಲ ಹಾಕಿಕೊಂಡು. ಅವರು ಮಾತು ಶುರು ಮಾಡುವ ಮೊದಲೇ ನಮ್ಮ ಲೈಟಿನವನು ತನ್ನದೇ ಲೈಟಿನ ವೈರಿನಲ್ಲಿ ಕಾಲು ಸಿಕ್ಕಿಸಿಕೊಂಡು ದೊಪ್ಪನೆ ಬಿದ್ದ. ತಾತ ನಕ್ಕರು. ಎರಡೇ ಸೆಕೆಂಡು.

ಅವನು ಬಿದ್ದದ್ದನ್ನು ನಾನು ಕತ್ತರಿಸಿದೆ, ನಗುವನ್ನು ಇಟ್ಟುಕೊಂಡೆ. ಅದರ ಮೊದಲು ಆ ಗೆಳತಿಯ ತಾಯಿ ಎದೆ ಬಡಿದುಕೊಂಡು ಅಳುವ ದೃಶ್ಯ ಜೋಡಿಸಿದೆ. ನಗು ಬಂದಾಗ ಸದ್ದನ್ನೆಲ್ಲ ತೆಗೆದುಬಿಟ್ಟೆ. ಪ್ರದರ್ಶನದ ದಿನ ಯಾರೋ, "ಥೂ, ಇವನೂ ಒಬ್ಬ ಮನುಷ್ಯನಾ?" ಎಂದರು. ಹಿಂದಿನ ಸಾಲಿನಲ್ಲಿ ಕೂತು ನಾನು ಹಿರಿಹಿರಿ ಹಿಗ್ಗಿದೆ. ಇದನ್ನು ಬರೆಯುವಾಗ ಈಗಲೂ ಮುಖ ಸುಡುತ್ತದೆ.

ತಿಂಗಳಾದ ಮೇಲೆ ಸುದ್ದಿ ಬಂತು: ಚಿತ್ರ ನೋಡಿದ ಮಗಳು ಅಪ್ಪನ ಜೊತೆ ಮಾತು ಬಿಟ್ಟಿದ್ದಾಳೆ. ಕತ್ತರಿಸದ ಚಿತ್ರೀಕರಣವನ್ನು ಲ್ಯಾಪ್‌ಟಾಪಿಗೆ ಹಾಕಿಕೊಂಡು ಅವರ ಮನೆಗೆ ಹೋದೆ. ಒಂದೇ ಕೋಣೆ. ಮಗಳು ಒಲೆಯ ಮುಂದಿದ್ದಳು.

"ತಪ್ಪು ನನ್ನದಮ್ಮ. ನಿಮ್ಮಪ್ಪ ನಕ್ಕಿದ್ದು ಬೇರೆ ಯಾವುದಕ್ಕೋ. ನಾನೇ ಅದನ್ನ ಅಲ್ಲಿ ಜೋಡಿಸಿದ್ದು. ನೋಡು."

ಪರದೆಯ ಮೇಲೆ ಲೈಟಿನವನು ಬಿದ್ದ. ತಾತ ನಕ್ಕರು.

"ನೋಡಿದ್ಯೇನಮ್ಮಾ? ನಾನು ಎಷ್ಟು ಬಡ್ಕೊಂಡೆ, ನೀನು ಕೇಳ್ಲೇ ಇಲ್ಲ!" ತಾತನ ಮುಖ ಅರಳಿತು.

ಮಗಳು ಪರದೆಯನ್ನು ನೋಡಿದಳು, ಆಮೇಲೆ ನನ್ನನ್ನು. "ಅದನ್ನ ನೀವೇ ಜೋಡಿಸಿದ್ದು ಅಂದ್ರಲ್ಲ ಸಾರ್. ಇದನ್ನ ಯಾರು ಜೋಡಿಸಿದ್ದು?"

"ಇಲ್ಲಮ್ಮ, ಇದು ನಿಜವಾಗ್ಲೂ..." ಎಂದೆ. ನನ್ನ ಬಾಯಲ್ಲಿ ಆ ಮಾತು ನನಗೇ ಸುಳ್ಳೆನಿಸಿತು. ಅವಳು ಒಲೆಯ ಕಡೆ ತಿರುಗಿಕೊಂಡಳು.

ತಾತ ನನಗೆ ಬೈಯಬಹುದಿತ್ತು. ಬೈದಿದ್ದರೆ ಬದುಕಿಕೊಳ್ಳುತ್ತಿದ್ದೆ. ಅವರು ಬಾಗಿಲವರೆಗೆ ಬಂದರು, ಚಿಲಕ ತೆಗೆದರು, ನೆಟ್ಟಗೆ ನಿಂತು ನನಗೂ ಒಂದು ಸಲಾಮು ಹೊಡೆದರು.